ಹಿಂದೆ ನಡೆದವನ ಗೆರೆ

ಯಲ್ಲದಕೆರೆಯ ತಿಪ್ಪಯ್ಯನಿಗೆ ಮುಂದೆ ನಡಿ ಎಂದರೆ ಕಾಲೇ ಬರುತ್ತಿರಲಿಲ್ಲ. ದಿಬ್ಬಣವಿರಲಿ, ಮಣ್ಣಿಗೆ ಹೋಗುವ ಜನವಿರಲಿ, ರೇಷನ್ ಅಂಗಡಿಯ ಸಾಲಿರಲಿ, ಅವನ ಜಾಗ ಕೊನೆಯದು. ಅದು ವಿನಯವೂ ಅಲ್ಲ, ನಾಚಿಕೆಯೂ ಅಲ್ಲ, ಕಸುಬು. ಹತ್ತು ವರ್ಷದವನಿದ್ದಾಗಿನಿಂದ ಈ ನಲವತ್ತೇಳರವರೆಗೆ ಕುರಿ ಹಿಂದೆ ನಡೆದ ಮನುಷ್ಯ. ಕಾಯುವವನು ಮುಂದೆ ನಡೆದರೆ ದಾರಿ ಕಾಣುತ್ತದೆ, ಕುರಿ ಕಾಣುವುದಿಲ್ಲ. ಹಿಂದಿದ್ದರೆ ಯಾವುದು ಕುಂಟುತ್ತಿದೆ, ಯಾವುದು ಬಾಯಿ ತೆರೆದು ಏದುತ್ತಿದೆ, ಯಾವ ಮರಿ ಜಾಲಿ ಮುಳ್ಳಿಗೆ ಉಣ್ಣೆ ಸಿಕ್ಕಿಸಿಕೊಂಡು ನಿಂತಿದೆ, ಎಲ್ಲ ಕಾಣುತ್ತದೆ. ನಿಂತದ್ದನ್ನು ಕರೆತರಲು ಹಿಂದಕ್ಕೆ ಹೋಗಬೇಕು, ಮತ್ತೆ ದಾಪುಗಾಲು ಹಾಕಿ ಹಿಂಡನ್ನು ಸೇರಬೇಕು. ಹಿಂಡು ಎರಡು ಮೈಲಿ ನಡೆದರೆ ಅವನು ಮೂರು ಮೈಲಿ ನಡೆದಿರುತ್ತಾನೆ.

ಆ ಕಸುಬಿನಲ್ಲಿ ಇನ್ನೊಂದು ಪದ್ಧತಿಯೂ ಇತ್ತು. ಹಿಂದೆ ನಡೆಯುವವನಿಗೆ ಯಾವ ಕುರಿಯ ಸೊಂಟ ಬಿದ್ದಿದೆ ಎಂಬುದು ಎಲ್ಲರಿಗಿಂತ ಮೊದಲು ಗೊತ್ತಾಗುತ್ತದೆ. ಅದನ್ನು ಅವನು ದಾರಿಯಲ್ಲಿ ಸಿಕ್ಕವರಿಗೆಲ್ಲ ಹೇಳಿಕೊಂಡು ಹೋಗುವುದಿಲ್ಲ. ಹೇಳಿದರೆ ಇಡೀ ಹಿಂಡಿಗೆ ಕೆಟ್ಟ ಹೆಸರು. ತಿಪ್ಪಯ್ಯನ ಅಪ್ಪ ಇದನ್ನು ಬೈದು ಬೈದು ಕಲಿಸಿದ್ದ. ಹಿಂದೆ ನಡೆಯುವುದು, ಕಂಡದ್ದನ್ನು ಹೊಟ್ಟೆಯಲ್ಲಿಟ್ಟುಕೊಳ್ಳುವುದು, ಈ ಎರಡೇ ಅವನ ಓದು. ಆ ಎರಡನ್ನೂ ಒಬ್ಬ ಮನುಷ್ಯ ಚೆನ್ನಾಗಿ ಬಳಸಿಕೊಂಡ.

ಅವನ ಹೆಸರು ರಘುನಾಥ್. ಹೊರಗಿನವನಾಗಿದ್ದರೆ ಇಷ್ಟು ಉರಿಯುತ್ತಿರಲಿಲ್ಲ. ಊರಿನ ಶಾಲೆಯಲ್ಲಿ ನಾಲ್ಕನೇ ಕ್ಲಾಸಿನವರೆಗೆ ತಿಪ್ಪಯ್ಯನ ಜೊತೆ ಒಂದೇ ಚಾಪೆಯ ಮೇಲೆ ಕೂತವನು. ಆಮೇಲೆ ತಿಪ್ಪಯ್ಯ ಕುರಿ ಹಿಂದೆ ಹೋದ, ರಘುನಾಥ್ ಹೈಸ್ಕೂಲಿಗೆ ಹೋದ. ಈಗ ಹಿರಿಯೂರಿನಲ್ಲಿ ಅವನದೊಂದು ಫೋಟೋ ಸ್ಟುಡಿಯೋ, ಪಕ್ಕದಲ್ಲೇ ಜೆರಾಕ್ಸ್ ಅಂಗಡಿ. ಅಷ್ಟಾದರೂ ದೋಸ್ತಿ ಬಿಟ್ಟಿರಲಿಲ್ಲ. ಊರಿಗೆ ಬಂದರೆ ಮೊದಲು ತಿಪ್ಪಯ್ಯನ ಹಟ್ಟಿಗೆ ಬಂದು, ಅವನ ಹೆಂಡತಿ ಏಕನಾಥಮ್ಮ ಕೊಟ್ಟ ಮಜ್ಜಿಗೆ ಕುಡಿದೇ ಹೋಗುತ್ತಿದ್ದ.

ಮಾರಿಕಣಿವೆ ಅಣೆಕಟ್ಟಿನ ಆಚೆ ಒಂದು ಉದ್ದನೆಯ ಗುಡ್ಡವಿದೆ. ಅದರ ಬೆನ್ನ ಮೇಲೆ ಹದಿನಾಲ್ಕು ಗಾಳಿಯಂತ್ರ. ಊರವರು ಅವನ್ನು ಫ್ಯಾನು ಎನ್ನುತ್ತಾರೆ. ಪ್ರತಿಯೊಂದರ ಕಂಬಕ್ಕೂ ಕೆಂಪು ಬಣ್ಣದಲ್ಲಿ ನಂಬರು ಬರೆದಿದೆ. ಬುಡದಿಂದ ಹದಿನಾಲ್ಕನೆಯದಕ್ಕೆ ಮಣ್ಣಿನ ರಸ್ತೆಯಲ್ಲಿ ಐದು ಕಿಲೋಮೀಟರು, ಬರೀ ಏರು. ತಿಪ್ಪಯ್ಯ ಕುರಿ ಮೇಯಿಸುವುದು ಅಲ್ಲೇ. ಎರಡು ವರ್ಷದ ಹಿಂದೆ ರಘುನಾಥ್ ಒಂದು ಭಾನುವಾರ ಇಬ್ಬರನ್ನು ಕರೆದುಕೊಂಡು ಆ ಗುಡ್ಡ ಹತ್ತಲು ಬಂದ. ಒಬ್ಬರು ಅನುಪಮಾ, ಚಿತ್ರದುರ್ಗದಲ್ಲಿ ಬ್ಯಾಂಕಿನ ಕೆಲಸ. ಹಿಂದೊಮ್ಮೆ ಹಿಮಾಲಯಕ್ಕೆ ಹೋಗಿ ನಡೆದು ಬಂದವರು. ಇನ್ನೊಬ್ಬ ಹನುಮಂತರಾಜು, ಹೊಸದುರ್ಗದ ಕಡೆ ಶ್ರೀರಾಂಪುರದವನು, ಬಸ್ ಕಂಡಕ್ಟರ್. ಬಾಯಿ ಮುಚ್ಚಿ ಅರ್ಧ ಗಂಟೆ ಕೂತರೆ ಜ್ವರ ಬರುವ ಜಾತಿ.

ಹದಿನಾಲ್ಕನೇ ಫ್ಯಾನಿನ ನೆರಳಲ್ಲಿ ಎಲ್ಲರೂ ಬುತ್ತಿ ಬಿಚ್ಚಿದರು. ಅನುಪಮಾ ತಮ್ಮ ಫೋನಿನಲ್ಲಿ ಹಿಮಾಲಯದ ಫೋಟೋ ತೋರಿಸತೊಡಗಿದರು. ಬೆಳ್ಳಗೆ ಹಿಮ, ನೀಲಿ ಆಕಾಶ. ಒಂದು ಫೋಟೋದಲ್ಲಿ ಆ ಹಿಮದ ಮೇಲೆ ನೂರಾರು ಕುರಿ ಸಾಲಾಗಿ ಏರುತ್ತಿದ್ದವು. ಸಾಲಿನ ಕೊನೆಯಲ್ಲಿ ಉಣ್ಣೆಯ ನಿಲುವಂಗಿ ತೊಟ್ಟ ಒಬ್ಬ ಮನುಷ್ಯ.

ತಿಪ್ಪಯ್ಯ ಫೋನನ್ನು ಅವರ ಕೈಯಿಂದ ತೆಗೆದುಕೊಂಡ. ಬಹಳ ಹೊತ್ತು ವಾಪಸ್ ಕೊಡಲಿಲ್ಲ.

“ಇವ್ರು ಎಲ್ಲೀಯೋರು ಮೇಡಂ?”

“ಅಲ್ಲೀಯವರೇ ತಿಪ್ಪಯ್ಯಣ್ಣ. ಬ್ಯಾಸ್ಗೆ ಬಂದ್ರೆ ಹದಿನೈದು ಸಾವಿರ ಅಡಿ ಹತ್ತಿ, ಆ ಕಡೆ ಹುಲ್ಲಿಗೆ ಹೋಗ್ತಾರೆ. ಪ್ರತಿ ವರ್ಷ.”

“ಐಸಿನ ಮ್ಯಾಲೆ ಗೊರಸು ಜಾರಲ್ವ?”

“ಗೊತ್ತಿಲ್ಲಣ್ಣ.”

“ದಾರೀಲಿ ಮರಿ ಹಾಕಿದ್ರೆ? ಆ ಚಳಿಗೆ ಮರಿ ಉಳೀತೈತಾ? ಎದಿಗೆ ಕಟ್ಕಂತಾರಾ, ಹೆಂಗೆ?”

“ಗೊತ್ತಿಲ್ಲ. ನಾವು ಫೋಟೋ ತಗಂಡು ಬಂದ್ವಿ ಅಷ್ಟೆ.”

“ಅಲ್ಲೀ ತನಕ ಹೋಗಿ ಅದನ್ನ ಕೇಳ್ಲಿಲ್ವಾ ನೀವು?” ತಿಪ್ಪಯ್ಯನಿಗೆ ನಿಜವಾಗಿಯೂ ಬೇಜಾರಾಯಿತು. ಹನುಮಂತರಾಜು ಬಿದ್ದು ಬಿದ್ದು ನಕ್ಕ. “ಮೇಡಂ, ಪರೀಕ್ಷೇಲಿ ಫೇಲಾದ್ರಿ ನೀವು. ಮತ್ತೆ ಹೋಗಿ ಕೇಳ್ಕಂಡು ಬರ್ರಿ.”

“ಎಲ್ರೂ ಹೋಗಾಣ ಬಿಡು,” ಎಂದ ರಘುನಾಥ್. “ಏನೋ ತಿಪ್ಪಾ, ಬರ್ತೀಯ? ನೀನೇ ಕೇಳುವಂತೆ.”

ತಿಪ್ಪಯ್ಯ ಫೋನನ್ನು ಅನುಪಮಾ ಕೈಗೆ ಕೊಟ್ಟು ಕುರಿ ಕಡೆ ಎದ್ದು ಹೋದ. ಸಂಜೆ ಕುರಿ ದೊಡ್ಡಿಗೆ ತುಂಬಿ ಏಕನಾಥಮ್ಮನಿಗೆ ಹೇಳಿದ. ಮೂವತ್ತೈದು ವರ್ಷ ನಡೆದದ್ದೆಲ್ಲ ಹುಲ್ಲು ಎಲ್ಲಿದೆಯೋ ಅಲ್ಲಿಗೆ, ನೀರು ಎಲ್ಲಿದೆಯೋ ಅಲ್ಲಿಗೆ. ತನಗೆ ಬೇಕು ಎಂದು, ತನ್ನ ಸಲುವಾಗಿ ಒಂದು ದಿನ ಎಲ್ಲಿಗೂ ನಡೆದವನಲ್ಲ. ಆ ನಿಲುವಂಗಿಯವನನ್ನು ಒಮ್ಮೆ ನೋಡಬೇಕು, ಅವನ ಹಿಂಡಿನ ಹಿಂದೆ ಒಂದು ದಿನ ನಡೆಯಬೇಕು, ಮಾತು ಬಾರದಿದ್ದರೆ ಕೈಸನ್ನೆಯಲ್ಲಾದರೂ ಕೇಳಬೇಕು.

“ಹೋಗಿ ಬರ್ರಿ,” ಎಂದಳು ಏಕನಾಥಮ್ಮ. “ಇಪ್ಪತ್ತು ದಿನ ಕುರೀನ ನಾನೂ ನಮ್ಮಣ್ಣನೂ ನೋಡ್ಕಂತೀವಿ. ನೀವಿಲ್ದಿದ್ರೆ ಅವೂ ಸ್ವಲ್ಪ ಆರಾಮಾಗಿ ಮೇಯ್ತವೆ.”

ಅಲ್ಲಿಂದ ತಯಾರಿ ಶುರುವಾಯಿತು. ಹೋದ ವರ್ಷ ದೀಪಾವಳಿ ಕಳೆದ ಮೇಲೆ ರಘುನಾಥನ ಸ್ಟುಡಿಯೋದಲ್ಲಿ ನಾಲ್ವರೂ ಕೂತು ಪಟ್ಟಿ ಮಾಡಿದರು. ಹೊರಡುವುದು ಜೂನ್ ಮೊದಲ ವಾರ. ಕರೆದುಕೊಂಡು ಹೋಗುವುದು ಉತ್ತರದ ಕಡೆಯ ಒಂದು ಸಂಸ್ಥೆ. ಒಂಬತ್ತು ದಿನದ ನಡಿಗೆ. ಆರನೇ ದಿನ ಹದಿನೈದು ಸಾವಿರ ಅಡಿಯ ಕಣಿವೆ ದಾಟುವುದು. ಮೇಲೆ ಹೋದಂತೆ ಉಸಿರಿಗೆ ಗಾಳಿ ಸಾಲದು, ತಲೆ ಸಿಡಿಯುತ್ತದೆ, ಅನ್ನ ಸೇರುವುದಿಲ್ಲ, ದಿನಕ್ಕೆ ನಾಲ್ಕು ಲೀಟರ್ ನೀರು ಕುಡಿಯಲೇಬೇಕು ಎಂದು ಅನುಪಮಾ ಒಂದೊಂದಾಗಿ ಬಿಡಿಸಿ ಹೇಳಿದರು. ಹನುಮಂತರಾಜು ಕುರ್ಚಿಯ ಮೇಲೆ ನಿಂತು, “ಹಿಮಾಲಯ, ಹಿಮಾಲಯ, ಹಿಮಾಲಯ! ನಿಂತ್ಕಂಡೋರು ಒಳಕ್ಕೆ ಹೋಗ್ರಿ!” ಎಂದು ಕೂಗಿ ಪಕ್ಕದ ಬೇಕರಿಯವರನ್ನೆಲ್ಲ ಬಾಗಿಲಿಗೆ ಕರೆಸಿದ.

ಚಳಿಗೆ ಹಕ್ಕಿ ಪುಕ್ಕ ತುಂಬಿದ ಜಾಕೆಟ್ಟು ಬೇಕು ಎಂದಾಗ ತಿಪ್ಪಯ್ಯ ಕೇಳಿದ, “ಕಂಬ್ಳಿ ನಡೆಯಲ್ವ?”

“ಕಂಬ್ಳಿ ಭಾರ ಆಗ್ತೈತೆ ಅಣ್ಣ.”

“ನಮ್ಮಪ್ಪಂದು ಮೇಡಂ. ಇಪ್ಪತ್ತು ಮಳೆಗಾಲ ಕಂಡೈತೆ, ಒಂದು ಹನಿ ಒಳಗೆ ಬಿಟ್ಟಿಲ್ಲ. ಜಾಕೆಟ್ಟೂ ತಗಂತೀನಿ, ಅದನ್ನೂ ತಗಂತೀನಿ.”

ಸಂಸ್ಥೆಯವರ ಒಂದು ಷರತ್ತು ಎಲ್ಲಕ್ಕಿಂತ ಬಿಗಿಯಾಗಿತ್ತು. ಹೆಸರು ಕೊಟ್ಟವರೆಲ್ಲ ಹತ್ತು ಕೆ.ಜಿ. ಹೊರೆ ಹೊತ್ತು ಗುಡ್ಡದಲ್ಲಿ ಹತ್ತು ಕಿಲೋಮೀಟರ್ ನಡೆಯಬೇಕು, ಎರಡೂವರೆ ಗಂಟೆಯೊಳಗೆ ಮುಗಿಸಬೇಕು. ಹೀಗೆ ಮೂರು ಸಲ. ನಡೆದದ್ದಕ್ಕೆ ಫೋನಿನ ದಾಖಲೆ ಬೇಕು. ಫೋನು ಜೇಬಿನಲ್ಲಿದ್ದರೆ ಅದು ದೂರವನ್ನೂ ಹೊತ್ತನ್ನೂ ಬರೆದುಕೊಳ್ಳುತ್ತದೆ, ನಡೆದ ದಾರಿಯನ್ನು ನಕ್ಷೆಯ ಮೇಲೆ ನೀಲಿ ಗೆರೆಯಾಗಿ ಎಳೆಯುತ್ತದೆ. ಅದನ್ನು ಏಪ್ರಿಲ್ ಹದಿನೈದರೊಳಗೆ ಕಳಿಸಬೇಕು.

ತಿಪ್ಪಯ್ಯನದು ಗುಂಡಿ ಒತ್ತುವ ಹಳೇ ಫೋನು.

“ಅದ್ಕೇನು ಯೋಚ್ನೆ?” ಎಂದ ರಘುನಾಥ್. “ನನ್ ಫೋನು ನಿನ್ ಜೇಬಿನಾಗೆ ಇಟ್ಕಂಡು ನಡಿ. ಅದ್ರಾಗೆ ನಿನ್ ನಡಿಗೆ ಬರೀತೈತೆ. ನಿನ್ ಹೆಸರಿಗೆ ಹಾಕಿ ನಾನೇ ಕಳಿಸ್ತೀನಿ. ನಂದು ಇನ್ನೊಂದು ದಿನ ಮಾಡ್ಕಂಡ್ರಾತು.”

ತಿಪ್ಪಯ್ಯನಿಗೆ ಕಣ್ಣಲ್ಲಿ ನೀರು ಬಂದಂತಾಯಿತು. ಇಷ್ಟು ವರ್ಷದ ದೋಸ್ತಿ ಎಂದರೆ ಇದೇ ಅಲ್ಲವೇ ಎಂದುಕೊಂಡ.

ಅನುಪಮಾ ತಮ್ಮ ಮೂರು ನಡಿಗೆಯನ್ನು ಚಿತ್ರದುರ್ಗದ ಜೋಗಿಮಟ್ಟಿಯಲ್ಲಿ ಮುಗಿಸಿದರು. ಉಳಿದ ಮೂವರು ಫ್ಯಾನಿನ ಗುಡ್ಡ ಹತ್ತಿದರು. ಫೆಬ್ರುವರಿಯಿಂದ ಮಾರ್ಚಿನವರೆಗೆ ಮೂರು ಭಾನುವಾರ, ಬೆನ್ನ ಮೇಲೆ ಹತ್ತು ಹತ್ತು ಕೆ.ಜಿ. ರಾಗಿ. ಮುಂದೆ ಹನುಮಂತರಾಜು, ನಡುವೆ ರಘುನಾಥ್, ಕೊನೆಗೆ ತಿಪ್ಪಯ್ಯ. ಮೂರು ಸಲವೂ ಏಳನೇ ಫ್ಯಾನಿಗೆ ರಘುನಾಥನ ಬಂಡಿ ನಿಂತಿತು. ಮಂಡಿ ಹಿಡಿದುಕೊಂಡು ಕಂಬದ ಕಟ್ಟೆಗೆ ಒರಗಿದರೆ ಮುಖ ಸುಣ್ಣದಂತೆ ಬೆಳ್ಳಗೆ.

“ನೀವು ಹೋಗ್ರಪ್ಪ, ನಾನು ಮುಂದಿನ ವಾರ ಮುಗಿಸ್ತೀನಿ. ಲೇ ತಿಪ್ಪಾ, ಫೋನ್ ಐತೆ ತಾನೆ ಜೇಬಿನಾಗೆ?”

“ಐತೆ ಕಣೋ. ನೀನು ನೀರು ಕುಡಿ.”

ತಿಪ್ಪಯ್ಯ ಮುಂದೆ ಹೋದವನು ಮತ್ತೆ ಹಿಂದಕ್ಕೆ ಬಂದು, ಅವನಿಗೆ ಇನ್ನೊಂದು ಗುಟುಕು ಕುಡಿಸಿ, ಅವನ ರಾಗಿ ಚೀಲವನ್ನು ನೆರಳಿಗೆ ಸರಿಸಿ, ಓಡಿ ಹೋಗಿ ಹನುಮಂತರಾಜುವನ್ನು ಸೇರುತ್ತಿದ್ದ. ಕೊನೆಯ ಭಾನುವಾರ ಒಂಬತ್ತನೇ ಫ್ಯಾನಿನ ಹತ್ತಿರ ಹನುಮಂತರಾಜುವಿನ ಚೀಲದ ಪಟ್ಟಿ ಕಿತ್ತು ರಾಗಿ ಚೆಲ್ಲಿತು; ಅದಕ್ಕೊಮ್ಮೆ ಹಿಂದಕ್ಕೆ ಹೋದ. ಹನ್ನೊಂದನೆಯದರ ಹತ್ತಿರ ಯಾರದೋ ತಪ್ಪಿಸಿಕೊಂಡ ಮರಿ ಪೊದೆಯಲ್ಲಿ ಅರಚುತ್ತಿತ್ತು. ರಸ್ತೆ ಬಿಟ್ಟಿಳಿದು ಅದನ್ನು ಬಿಡಿಸಿ ಬಂದ. ಆದರೂ ಹೊತ್ತಿಗೆ ಮೊದಲೇ ನಡಿಗೆ ಮುಗಿಸಿದ.

ಏಪ್ರಿಲ್ ಕೊನೆಗೆ ಪಟ್ಟಿ ಬಂತು. ರಘುನಾಥ್ ಸ್ಕೂಟರಿನಲ್ಲಿ ಯಲ್ಲದಕೆರೆಗೆ ಬಂದ. ತಿಪ್ಪಯ್ಯ ಕುರಿಗಳಿಗೆ ನೀರು ತೋರಿಸುತ್ತಿದ್ದ. ರಘುನಾಥ್ ಸ್ಕೂಟರಿನಿಂದ ಇಳಿಯಲಿಲ್ಲ.

“ತಿಪ್ಪಾ, ಬ್ಯಾಸ್ರ ಮಾಡ್ಕಬ್ಯಾಡ ಕಣೋ. ನಿನ್ ಹೆಸರು ಬಿಟ್ಟವ್ರೆ.”

“ಯಾಕೆ?”

“ಅದೇನೋ ರೂಲ್ಸಂತೆ. ಹತ್ತನೇ ಕ್ಲಾಸು ಪಾಸಾಗಿರ್ಬೇಕಂತೆ. ಇಂಗ್ಲಿಷ್‌ನಾಗೆ ಬರೆದಿರೋದು ಓದಾಕೆ ಬರ್ಬೇಕು ನೋಡು. ಮ್ಯಾಲೆ ಅಪಾಯ ಐತೆ ಅಂತ.”

ತಿಪ್ಪಯ್ಯನ ಕೈಯಲ್ಲಿದ್ದ ಬಕೆಟ್ಟು ಹಾಗೇ ನಿಂತಿತು. ಬೇರೆ ಏನು ಹೇಳಿದ್ದರೂ ಅವನು ಮರುಮಾತು ಕೇಳುತ್ತಿದ್ದ. ವಯಸ್ಸಾಯಿತು ಎಂದಿದ್ದರೆ, ಕಾಲು ಸಾಲದು ಎಂದಿದ್ದರೆ, ಜಗಳಕ್ಕೇ ನಿಲ್ಲುತ್ತಿದ್ದ. ಓದಿನ ಮಾತು ಬಂದರೆ ಅವನಿಗೆ ಬಾಯಿಲ್ಲ. ಬ್ಯಾಂಕಿರಲಿ, ಆಸ್ಪತ್ರೆಯಿರಲಿ, ಆ ಮಾತಿಗೆ ತಲೆ ತಗ್ಗಿಸಿ ಬಂದೇ ಅಭ್ಯಾಸ. ರಘುನಾಥನಿಗೆ ಅದು ಚೆನ್ನಾಗಿ ಗೊತ್ತಿತ್ತು.

“ನಿಂದು ಆತೇನೋ?” ಎಂದು ಕೇಳಿದ ತಿಪ್ಪಯ್ಯ.

“ಹೂಂ. ವಾರದ ಮಧ್ಯೆ ಒಬ್ನೇ ಬಂದು ಮೂರೂ ಮುಗಿಸ್ದೆ.”

ದಿನವೂ ಆ ಗುಡ್ಡದಲ್ಲೇ ಇರುವ ತಿಪ್ಪಯ್ಯನಿಗೆ ಅದು ಸುಳ್ಳು ಎಂದು ಆಗಲೇ ಗೊತ್ತಾಯಿತು. ವಾರದ ನಡುವೆ ಅಲ್ಲಿಗೆ ಬಂದದ್ದು ಫ್ಯಾನು ರಿಪೇರಿಯವರ ಜೀಪು ಮಾತ್ರ. ಎಲ್ಲೋ ಏನೋ ಮಾಡಿ ಕಳಿಸಿದ್ದಾನೆ, ಅದು ಅವನ ಪಾಡು ಎಂದುಕೊಂಡು ನುಂಗಿಕೊಂಡ. ಅಷ್ಟೇ ಅಲ್ಲ. ಒಳಗೆ ಹೋಗಿ ಅಪ್ಪನ ಕಂಬಳಿ ತಂದು ಸ್ಕೂಟರಿನ ಸೀಟಿನ ಮೇಲಿಟ್ಟ.

“ಮ್ಯಾಲೆ ಚಳಿ ಅಂತೆ. ತಗಂಡ್ಹೋಗು. ಆ ಕುರಿಯೋರು ಸಿಕ್ರೆ ನಾನು ಹೇಳಿದ್ದು ಕೇಳು.”

ರಘುನಾಥ್ ಕಂಬಳಿ ತೆಗೆದುಕೊಂಡ. ತೆಗೆದುಕೊಂಡು ಹೋದ! ಮಜ್ಜಿಗೆ ಕುಡಿಯಲು ಮಾತ್ರ ನಿಲ್ಲಲಿಲ್ಲ.

“ನಡೆಯಾಕೆ ಓದು ಯಾಕ್ರಿ ಬೇಕು?” ಎಂದಳು ಏಕನಾಥಮ್ಮ ಲೋಟ ಹಿಡಿದು ಬಾಗಿಲಲ್ಲೇ ನಿಂತು. ತಿಪ್ಪಯ್ಯ ಅವಳ ಮೇಲೆ ಹರಿಹಾಯ್ದ. ಆ ರಾತ್ರಿ ಊಟ ಮಾಡಲಿಲ್ಲ.

ಮೇ ಎರಡನೇ ವಾರ ಅನುಪಮಾ ಗುಡ್ಡಕ್ಕೆ ಬಂದರು. ಹೊರಡುವ ಮೊದಲು ಕೊನೆಯ ಸಲ ಕಾಲಾಡಿಸಲು ಬಂದಿದ್ದರು, ಜೊತೆಗೆ ಹನುಮಂತರಾಜು. ತಿಪ್ಪಯ್ಯ ನಾಲ್ಕನೇ ಫ್ಯಾನಿನ ಬಳಿ ಕುರಿ ಬಿಟ್ಟುಕೊಂಡು ನಿಂತಿದ್ದ. ಅವರನ್ನು ಕಂಡರೂ ಕಾಣದವನಂತೆ ಅತ್ತ ತಿರುಗಿದ.

“ಏನ್ ತಿಪ್ಪಯ್ಯಣ್ಣ, ಹಿಂಗೆ ಮಾಡಿಬಿಟ್ರಿ?” ಅನುಪಮಾ ದನಿಯಲ್ಲಿ ಕೋಪವಿತ್ತು. “ಕೊನೇ ಗಳಿಗೇಲಿ ಬರಲ್ಲ ಅಂದ್ರಿ. ಒಂದು ಮಾತು ನನಗೆ ಹೇಳಬಾರದಿತ್ತಾ?”

“ನಾನೆಲ್ಲಿ ಬರಲ್ಲ ಅಂದೆ ಮೇಡಂ?”

“ಕುರಿ ಮರಿ ಹಾಕೋ ಕಾಲ, ಬಿಟ್ಟು ಬರಾಕಾಗಲ್ಲ ಅಂದ್ರಂತೆ. ರಘುನಾಥ್ ಹೇಳಿದ್ರು. ಅದಕ್ಕೇ ನಿಮ್ಮ ದಾಖಲೆ ಕಳಿಸಲೇ ಇಲ್ಲ ಅಂದ್ರು.”

“ಓದಿಲ್ಲ ಅಂತ ಬಿಟ್ರು ಅಂದ.”

“ಯಾರಂದ್ರು? ಓದಿಗೂ ಇದಕ್ಕೂ ಏನ್ ಸಂಬಂಧ? ಅಂಥ ರೂಲ್ಸೇ ಇಲ್ಲಣ್ಣ.”

ತಲೆಯ ಮೇಲೆ ಫ್ಯಾನಿನ ರೆಕ್ಕೆ ಬುಸ್ ಬುಸ್ ಎನ್ನುತ್ತಿತ್ತು. ಎಂದೂ ಬಾಯಿ ಮುಚ್ಚದ ಹನುಮಂತರಾಜು ಮೆಲ್ಲಗೆ ಕೇಳಿದ, “ಮೇಡಂ, ರಘುನಾಥನ ದಾಖಲೆ ನಿಮ್ಮತ್ರ ಐತಾ?”

ಇತ್ತು. ಅವನೇ ಹೆಮ್ಮೆಯಿಂದ ಅವರ ಫೋನಿಗೆ ಕಳಿಸಿದ್ದ. ಅನುಪಮಾ ತೆರೆದು ತೋರಿಸಿದರು. “ನೋಡಿ, ನಮಗೆಲ್ಲ ಹತ್ತು ಕಿಲೋಮೀಟರ್ ಬಂದರೆ ಇವರದು ಹದಿಮೂರು ಚಿಲ್ಲರೆ. ಅಷ್ಟೇ ಹೊತ್ತಲ್ಲಿ. ಸಂಸ್ಥೆಯವರು ಭೇಷ್ ಅಂತ ಬರೆದವ್ರೆ. ನಾನೂ ಮಂಡಿ ನೋವು ಅಂತಿದ್ದೋರು ಭಲೇ ಅಂದ್ಕಂಡೆ.”

ತಿಪ್ಪಯ್ಯ ಫೋನು ಕೈಗೆ ತೆಗೆದುಕೊಂಡ. ಅದರಲ್ಲಿದ್ದ ಅಕ್ಷರ ಅವನಿಗೆ ಬೇಕಿರಲಿಲ್ಲ. ನೀಲಿ ಗೆರೆ ಸಾಕಿತ್ತು. ಮಣ್ಣಿನಲ್ಲಿ ಮೂಡಿದ ಗೊರಸು ನೋಡಿ ಇದು ನಮ್ಮ ಹಟ್ಟಿಯದು, ಇದು ಪಕ್ಕದವರದು ಎಂದು ಹೇಳುವ ಮನುಷ್ಯ. ಗೆರೆ ಬುಡದಿಂದ ಏರುತ್ತದೆ. ಏಳನೇ ಫ್ಯಾನು ದಾಟಿ ಸ್ವಲ್ಪ ಹೋಗಿ ಹಿಂದಕ್ಕೆ ಬಂದು, ಮತ್ತೆ ಮುಂದಕ್ಕೆ. ಒಂಬತ್ತರ ಹತ್ತಿರ ಒಂದು ಸುತ್ತು. ಹನ್ನೊಂದರ ಹತ್ತಿರ ರಸ್ತೆ ಬಿಟ್ಟು ಕೆಳಕ್ಕಿಳಿದು ಹತ್ತಿದ ಒಂದು ಬಾಲ.

ಅವನು ಬೆರಳಿಟ್ಟು ತೋರಿಸಿದ. “ಇದು ಏಳನೇ ಫ್ಯಾನಿಗೆ ಕುಂತ್ಬಿಟ್ಟ ಅವನಿಗೆ ನೀರು ಕುಡಿಸಾಕೆ ತಿರುಗಿ ಹೋಗಿದ್ದು. ಇದು ರಾಜಣ್ಣ, ನಿನ್ ರಾಗಿ ಚೆಲ್ಲಿದ್ದು. ಇದು ಆ ಮರಿ.”

ಹನುಮಂತರಾಜು ಬಗ್ಗಿ ನೋಡಿದ. “ಅವತ್ತಿನ ತಾರೀಕೇ ಐತೆ! ಥೂ ಇವ್ನ... ಇದು ನಿನ್ ನಡಿಗೆ ಕಣಯ್ಯಾ. ಕುರಿ ಕಾಯೋನು ಬಿಟ್ರೆ ಹಿಂಗೆ ಹಿಂದಕ್ಕೂ ಮುಂದಕ್ಕೂ ಯಾವನು ನಡೀತಾನೆ?”

ತಿಪ್ಪಯ್ಯನಿಗೆ ತಕ್ಷಣಕ್ಕೆ ಸಿಟ್ಟು ಬರಲಿಲ್ಲ. ಕುರಿ ಕದ್ದವರನ್ನು ಕಂಡಿದ್ದ, ಉಣ್ಣೆ ಕದ್ದವರನ್ನು ಕಂಡಿದ್ದ. ನಡಿಗೆಯನ್ನೂ ಕದಿಯಬಹುದು ಎಂದು ಅವನಿಗೆ ತಿಳಿದಿರಲಿಲ್ಲ. ಅದೂ ಕದ್ದವನಿಗೇ ನೀರು ಕುಡಿಸಲು ಹಿಂದಕ್ಕೆ ಹೋದ ಹೆಜ್ಜೆಯನ್ನೂ ಸೇರಿಸಿ!

“ಇವತ್ತೇ ಸಂಸ್ಥೆಗೆ ಬರೀತೀನಿ,” ಎಂದರು ಅನುಪಮಾ. “ಇದು ಬರೀ ಮೋಸದ ಮಾತಲ್ಲಣ್ಣ. ಏಳನೇ ಫ್ಯಾನಿಗೆ ಕೂರೋ ಮನುಷ್ಯ ಅಷ್ಟು ಎತ್ತರದಲ್ಲಿ ಕೂತರೆ ಏಳಲ್ಲ. ಅಲ್ಲಿ ಎತ್ಕಂಡು ಬರಾಕೆ ಹಿಂದೆ ನೀವಿರಲ್ಲ.”

“ನನ್ ಹೆಸರು ಹಾಕಾಕೆ ಆಗ್ತದಾ ಕೇಳ್ರಿ ಮೇಡಂ. ಅವನದ್ದು ಭಾನುವಾರದ ತನಕ ತಡೀರಿ. ಅವನ ಬಾಯಿಂದ್ಲೇ ಬರ್ಲಿ.”

ಮರುದಿನ ಕುರಿಯನ್ನು ಏಕನಾಥಮ್ಮನಿಗೆ ಒಪ್ಪಿಸಿ ತಿಪ್ಪಯ್ಯ ಮೊದಲ ಬಸ್ಸಿಗೆ ಹಿರಿಯೂರಿಗೆ ಹೋದ. ಸ್ಟುಡಿಯೋದ ಮುಂದೆ ಹೊಸ ಫ್ಲೆಕ್ಸು ಕಟ್ಟಿತ್ತು. ‘ಹಿಮಾಲಯದ ಹಾದಿಯಲ್ಲಿ ಹಿರಿಯೂರಿನ ಹೆಮ್ಮೆ’. ಹಿಂದೆ ಹಿಮದ ಬೆಟ್ಟ, ಮುಂದೆ ಕಪ್ಪು ಕನ್ನಡಕ ಹಾಕಿದ ರಘುನಾಥ್. ಹೆಗಲ ಮೇಲೆ ತಿಪ್ಪಯ್ಯನ ಅಪ್ಪನ ಕಂಬಳಿ. ತಿಪ್ಪಯ್ಯ ಅದರ ಕೆಳಗೆ ನಿಂತು ಕಂಬಳಿಯ ಅಂಚಿನ ಕೆಂಪು ಹೊಲಿಗೆಯನ್ನು ನೋಡಿದ. ಅವನ ಅವ್ವ ಹಾಕಿದ ಹೊಲಿಗೆ ಅದು.

“ಬಾರೋ ತಿಪ್ಪಾ, ಕುಂತ್ಕ. ಟೀ ತರ್ಸಾಣ?” ಎಂದ ರಘುನಾಥ್ ಒಳಗಿಂದ.

“ಟೀ ಬ್ಯಾಡ. ನನ್ ನಡಿಗೆ ಎಲ್ಲೈತೆ ಹೇಳು.”

“ಏನ್ ನಡಿಗೆ?”

ತಿಪ್ಪಯ್ಯ ಕೈಯಲ್ಲಿದ್ದ ಕೋಲನ್ನು ಮೇಜಿನ ಮೇಲೆ ಕುಟ್ಟಿದ ಹೊಡೆತಕ್ಕೆ ಗಾಜು ಬಿರುಕುಬಿಟ್ಟಿತು. ಆಧಾರ್ ಕಾರ್ಡಿನ ಜೆರಾಕ್ಸಿಗೆ ನಿಂತಿದ್ದ ಹೆಂಗಸು ಕಾರ್ಡು ಕಸಿದುಕೊಂಡು ಹೊರಗೋಡಿದಳು.

“ಮೇಡಂ ಫೋನಿನಾಗೆ ನೋಡ್ದೆ. ನನ್ ಹೆಜ್ಜೆ ನಂಗೆ ಗೊತ್ತಾಗಲ್ಲ ಅಂದ್ಕಂಡ್ಯಾ? ಅಕ್ಸರ ಬರದಿದ್ರೆ ಕಣ್ಣೂ ಕಾಣಲ್ಲ ಅಂದ್ಕಂಡ್ಯಾ? ಬ್ಯಾರೆ ಸುಳ್ಳು ಸಿಗ್ಲಿಲ್ವೇನೋ ನಿಂಗೆ? ನಾಲ್ಕನೇ ಕ್ಲಾಸಿಗೆ ನಾನು ಬಿಟ್ಟಾಗ ಪಕ್ದಾಗೆ ಕುಂತಿದ್ದೋನು ನೀನು. ಎಲ್ಲಿ ಹೊಡೆದ್ರೆ ಏಳಲ್ಲ ಅಂತ ನೋಡ್ಕಂಡೇ ಹೊಡ್ದೆ.”

ರಘುನಾಥ್ ಬಾಗಿಲ ಕಡೆ ನೋಡಿದ. ದನಿ ತಗ್ಗಿಸಿದ. “ನಿಧಾನ ಮಾತಾಡೋ, ಜನ ಓಡಾಡ್ತಾರೆ. ಊರಿಗೆಲ್ಲ ಹೇಳಿಬಿಟ್ಟಿದ್ದೆ ಕಣೋ. ಈ ಬೋರ್ಡೂ ಬರೆಸಾಕೆ ಕೊಟ್ಟಾಗಿತ್ತು. ಮಂಡಿ ಕೈ ಕೊಟ್ಟಿತು ಅಂತ ಯಾವ ಮುಖ ಇಟ್ಕಂಡು ಹೇಳ್ಲಿ? ನಿಂಗೇನು ಅದು? ಹುಟ್ಟಿದಾಗಿಂದ ಗುಡ್ಡದಾಗೇ ಬಿದ್ದಿದೀಯ. ಅದೂ ಒಂದು ಗುಡ್ಡ ನಿಂಗೆ.”

ತಿಪ್ಪಯ್ಯ ಈ ಮಾತನ್ನು ಕೇಳಿಸಿಕೊಂಡ. ಕದ್ದದ್ದಕ್ಕಿಂತ ಇದು ಆಳಕ್ಕಿಳಿಯಿತು. ಎರಡು ವರ್ಷ ಆ ನಿಲುವಂಗಿಯವನ ಬಗ್ಗೆ ತಾನು ಮಾತಾಡಿದ್ದೆಲ್ಲ ಇವನ ಕಿವಿಗೆ ಇಷ್ಟೇ ಆಗಿತ್ತು.

“ಮಂಡಿ ನೋವು ಅಂತ ನಂಗೆ ಹೇಳ್ಬೋದಿತ್ತು,” ಎಂದ.

“ಹೇಳಿದ್ರೆ ಏನ್ ಮಾಡ್ತಿದ್ದೆ ನೀನು?”

“ಎತ್ಕಂಡು ಹೋಗ್ತಿದ್ದೆ.”

ರಘುನಾಥ್ ಬಿರುಕುಬಿಟ್ಟ ಗಾಜಿನ ಮೇಲೆ ಒಂದು ಫೈಲು ಸರಿಸಿಟ್ಟ.

“ಭಾನುವಾರ ಬಾ. ಮೇಡಮ್ಮೂ ರಾಜಣ್ಣನೂ ಬರ್ತಾರೆ. ಅವರ ಮುಂದೆ ನಿನ್ ಕಾಲಾಗೆ ಹದಿನಾಲ್ಕು ಮುಟ್ಟು. ಮುಟ್ಟಿದ್ರೆ ಹೋಗಪ್ಪ ನೀನೇ, ನಾನು ತುಟಿ ಬಿಚ್ಚಲ್ಲ. ಮುಟ್ಟದಿದ್ರೆ ಅಲ್ಲೇ ಮೇಡಮ್ಮಿಗೆ ಹೇಳು, ಯಾರು ನಡೆದಿದ್ದು ಅಂತ. ಕಂಬ್ಳಿ ತಗಂಡು ಬಾ.”

ಭಾನುವಾರ ರಘುನಾಥ್ ಬರಲಾರ ಎಂದು ಹನುಮಂತರಾಜು ಬಸ್ಸಿಳಿಯುತ್ತಲೇ ಪಂದ್ಯ ಕಟ್ಟಿದ. ಆದರೆ ಅವನು ಬಂದ. ಬೆನ್ನಿಗೆ ಹೊಸ ಚೀಲ, ಚೀಲದ ಮೇಲೆ ಸುತ್ತಿ ಕಟ್ಟಿದ ಕಂಬಳಿ. ಯಾರ ಮುಖವನ್ನೂ ನೋಡಲಿಲ್ಲ. ಬಾಯಲ್ಲಿ ಹೇಳುವುದಕ್ಕಿಂತ ಕಾಲಲ್ಲಿ ಗೆದ್ದುಬಿಡಬಹುದು ಎಂಬ ಆಸೆ ಇದ್ದಿರಬೇಕು.

ಅನುಪಮಾ ತಿಪ್ಪಯ್ಯನನ್ನು ಪಕ್ಕಕ್ಕೆ ಕರೆದು ಮೊದಲೇ ಹೇಳಿಬಿಟ್ಟರು. ಸಂಸ್ಥೆಯಿಂದ ಉತ್ತರ ಬಂದಿತ್ತು. ಈ ಜೂನಿಗೆ ಹೆಸರು ಸೇರಿಸುವ ದಿನ ಮುಗಿದಿದೆ. ಒಬ್ಬರು ಬಿಟ್ಟರೂ ಅವರ ಜಾಗ ಇನ್ನೊಬ್ಬರಿಗೆ ಕೊಡುವುದಿಲ್ಲ. ಸೆಪ್ಟೆಂಬರಿನ ತಂಡಕ್ಕೆ ಬೇಕಾದರೆ ಹೊಸದಾಗಿ ಮೂರು ನಡಿಗೆ ಕಳಿಸಬಹುದು.

“ಸೆಪ್ಟೆಂಬರಿಗೆ ಆ ಕುರಿಯೋರು ಇರ್ತಾರಾ ಮೇಡಂ?”

“ಕೆಳಕ್ಕೆ ಇಳೀತಿರ್ತಾರೆ ಅಂತಾರೆ. ಸಿಕ್ಕರೂ ಸಿಗಬಹುದು, ಇಲ್ಲದಿದ್ರೂ ಇಲ್ಲ. ನಾನು ಈ ಸಲ ಅವರನ್ನ ಕೇಳ್ಕಂಡು ಬರ್ಲಾ ಅಣ್ಣ?”

“ಬ್ಯಾಡ,” ಎಂದ ತಿಪ್ಪಯ್ಯ ಒರಟಾಗಿ. “ಇನ್ನೊಬ್ರ ಕೈಲಿ ಕೊಟ್ಟು ಸಾಕಾಗೈತೆ. ಅದನ್ನ ನಾನೇ ಕೇಳ್ತೀನಿ.”

ಅನುಪಮಾ ತಮ್ಮ ಫೋನಿನಲ್ಲಿ ನಡಿಗೆ ಶುರುಮಾಡಿ ಅವನ ಜೇಬಿಗೆ ಹಾಕಿದರು. “ಹಂಗಾದ್ರೆ ಇದೇ ಮೊದಲನೇದು. ನಿಮ್ಮ ಹೆಸರಲ್ಲಿದೆ, ನೋಡ್ಕಳ್ರಿ.” ಆಮೇಲೆ ಹನುಮಂತರಾಜು, “ರೈಟ್, ರೈಟ್!” ಎಂದು ಕೂಗಿದ. ಯಾರೂ ನಗಲಿಲ್ಲ.

ತಿಪ್ಪಯ್ಯ ಹತ್ತು ಕೆ.ಜಿ. ರಾಗಿ ಹೊತ್ತು ಎಲ್ಲರಿಗಿಂತ ಮುಂದೆ ಹೊರಟ. ಮೊದಲ ಎರಡು ಫ್ಯಾನಿನವರೆಗೆ ಕಾಲು ತಪ್ಪಿತಪ್ಪಿ ಬೀಳುತ್ತಿತ್ತು. ಎದುರಿಗೆ ಒಂದು ಬೆನ್ನೂ ಇಲ್ಲದೆ, ಬಾಲವೂ ಇಲ್ಲದೆ ಬರೀ ರಸ್ತೆ ನೋಡಿಕೊಂಡು ನಡೆದು ಅವನಿಗೆ ಗೊತ್ತಿರಲಿಲ್ಲ. ಕುತ್ತಿಗೆ ತಾನಾಗಿ ಹಿಂದಕ್ಕೆ ಹೊರಳುತ್ತಿತ್ತು. ಹೊರಳಿದ ಕುತ್ತಿಗೆಯನ್ನು ಬೈದು ಮುಂದಕ್ಕೆ ತರುತ್ತಿದ್ದ. ಐದನೇ ಫ್ಯಾನಿನ ಹೊತ್ತಿಗೆ ಹಿಂದಿನ ಉಸಿರಿನ ಸದ್ದು ಕೇಳಿಸಿತು. ಆ ಸದ್ದು ಅವನಿಗೆ ಚೆನ್ನಾಗಿ ಗೊತ್ತು. ಏಳು ದಾಟಿ ನೂರು ಹೆಜ್ಜೆ ಹೋಗಿರಬಹುದು.

“ತಿಪ್ಪಾ!”

ಕಾಲು ನಿಂತಿತು. ಮೂವತ್ತೇಳು ವರ್ಷದ ಕಾಲು, ಅದಕ್ಕೆ ಬೇರೆ ಗೊತ್ತಿಲ್ಲ.

“ತಿಪ್ಪಾ, ಆಗಲ್ಲ ಕಣೋ... ಬಾರೋ ಇಲ್ಲಿ...”

ಹಿಂದೆ ಅನುಪಮಾ ಇದ್ದಾರೆ, ಹನುಮಂತರಾಜು ಇದ್ದಾನೆ, ನೀರಿದೆ. ಅಷ್ಟನ್ನು ಲೆಕ್ಕ ಹಾಕಿ ನೋಡಿದ. ಆಮೇಲೆ ಆ ಕಾಲನ್ನು ಎತ್ತಿ ಮುಂದಕ್ಕಿಟ್ಟ. ಇನ್ನೊಂದನ್ನೂ ಇಟ್ಟ. ಒಂಬತ್ತು ದಾಟಿದ. ಹನ್ನೊಂದರ ಹತ್ತಿರ ಪೊದೆಯಲ್ಲಿ ಏನೂ ಅರಚಲಿಲ್ಲ. ಹದಿನಾಲ್ಕರ ಕಂಬಕ್ಕೆ ಕೈ ಮುಟ್ಟಿಸಿದಾಗ ಅವನೊಬ್ಬನೇ. ಕೆಳಗೆ ಮಾರಿಕಣಿವೆಯ ನೀರು ಬಿಸಿಲಿಗೆ ಹೊಳೆಯುತ್ತಿತ್ತು. ಸಂತೋಷ ಆಗಬೇಕಿತ್ತು, ಆಗಲಿಲ್ಲ. ಕಂಬಕ್ಕೆ ಹಣೆ ಒತ್ತಿಕೊಂಡು ಸ್ವಲ್ಪ ಹೊತ್ತು ನಿಂತು ಇಳಿದ.

ಏಳನೇ ಫ್ಯಾನಿನ ಕಟ್ಟೆಯ ನೆರಳಲ್ಲಿ ರಘುನಾಥ್ ಕೂತಿದ್ದ. ಕೆಳಗೆ ಹಾಸಿಕೊಂಡದ್ದು ಕಂಬಳಿ. ಅವನ ಕಣ್ಣು ಕೆಂಪಾಗಿತ್ತು. ಅನುಪಮಾ ದೂರದಲ್ಲಿ ಬೆನ್ನು ತಿರುಗಿಸಿ ನಿಂತಿದ್ದರು. ಹೇಳಬೇಕಾದದ್ದನ್ನು ಅವನು ಹೇಳಿಯಾಗಿತ್ತು ಎಂದು ಅದರಿಂದಲೇ ತಿಳಿಯುತ್ತಿತ್ತು.

“ಹೇಳ್ದೆ ಕಣೋ,” ಎಂದ ರಘುನಾಥ್. “ಎಲ್ಲಾ ಹೇಳ್ದೆ. ನಾನು ಹೋಗಲ್ಲ. ಬೋರ್ಡೂ ಬಿಚ್ಚಿಸ್ತೀನಿ. ಸಾಕಲ್ವೇನೋ?”

“ಏಳು.”

ರಘುನಾಥ್ ಕೈ ಚಾಚಿದ, ಎಬ್ಬಿಸುತ್ತಾನೆ ಎಂದು. ತಿಪ್ಪಯ್ಯ ಕೈ ಕೊಡಲಿಲ್ಲ. ಅವನು ಕಟ್ಟೆ ಹಿಡಿದು ತಾನೇ ಎದ್ದ. ತಿಪ್ಪಯ್ಯ ಕಂಬಳಿ ತೆಗೆದು, ಗಾಳಿಗೆ ಹಿಡಿದು, ಮಣ್ಣು ಹೋಗುವಂತೆ ಮೂರು ಸಲ ಕೊಡವಿದ. ಕೆಂಪು ಹೊಲಿಗೆ ಮೇಲೆ ಬರುವಂತೆ ಮಡಿಚಿ ಹೆಗಲಿಗೆ ಹಾಕಿಕೊಂಡ.

“ತಿಪ್ಪಾ, ಒಂಚೂರು ತಡಿಯೋ. ಒಟ್ಟಿಗೆ ಇಳಿಯಾಣ.”

ತಿಪ್ಪಯ್ಯ ತನ್ನ ನೀರಿನ ಬಾಟಲಿಯನ್ನು ಕಟ್ಟೆಯ ಮೇಲಿಟ್ಟು, ಮುಂದೆ ನಡೆದ.

ಬುಡದಲ್ಲಿ ಅನುಪಮಾ ಅವನಿಂದ ಫೋನು ತೆಗೆದುಕೊಂಡು ನೋಡಿದರು. ಹತ್ತು ಕಿಲೋಮೀಟರು, ಒಂದು ಗಂಟೆ ಐವತ್ತು ನಿಮಿಷ. ನೀಲಿ ಗೆರೆ ಹೋದ ದಾರಿಯಲ್ಲೇ ಬಂದಿತ್ತು. ಎಲ್ಲೂ ಸುತ್ತಿಲ್ಲ, ಬಾಲವಿಲ್ಲ. ಏಳನೆಯದರ ಹತ್ತಿರ ಮಾತ್ರ ಐದು ನಿಮಿಷ ನಿಂತ ಗುರುತಿತ್ತು.

“ಇಲ್ಲಿ ಯಾಕಣ್ಣ ನಿಂತಿದ್ದು? ಸಂಸ್ಥೆಯವರು ಕೇಳಿದರೆ ಏನಂತ ಬರೀಲಿ?”

“ನನ್ ಸಾಮಾನು ಅಲ್ಲಿತ್ತು, ತಗಂಡೆ ಅಂತ ಬರೀರಿ,” ಎಂದ ತಿಪ್ಪಯ್ಯ.